ಕೋರ್ಟ್ ಆದೇಶ ಕೈಯಲ್ಲಿದ್ದರೂ ಪೊಲೀಸರು ಯಾಕೆ ಬರಲ್ಲ? ಅಷ್ಟೂರದಿಂದ ಔರಾದ್‌ವರೆಗೆ ಹೊಲ-ಅಂಗಡಿ ತಕರಾರುಗಳ ಒಳಗುಟ್ಟು

ಬೀದರ್: ಕೋರ್ಟಿನಿಂದ 'ಸ್ಟೇ' ಸಿಕ್ಕಿದ ದಿನ ಮನೆಯಲ್ಲಿ ಪೇಢೆ ಹಂಚುತ್ತಾರೆ. ಮರುದಿನ ಬೆಳಿಗ್ಗೆ ನೋಡಿದರೆ ಎದುರಿನವನ ಟ್ರ್ಯಾಕ್ಟರ್ ಅದೇ ಹೊಲದಲ್ಲಿ ಓಡುತ್ತಿರುತ್ತದೆ. ಆದೇಶದ ನಕಲು ಹಿಡಿದು ಠಾಣೆಗೆ ಓಡಿದರೆ ಅಲ್ಲಿ ಸಿಗುವ ಉತ್ತರ ಒಂದೇ: 'ಇದು ಸಿವಿಲ್ ಮ್ಯಾಟರ್ ಅದರಿ, ಕೋರ್ಟಿಗೇ ಹೋಗ್ರಿ'. ಕೋರ್ಟಿನಿಂದಲೇ ಬಂದವನನ್ನು ಮತ್ತೆ ಕೋರ್ಟಿಗೇ ಕಳಿಸುವ ಈ ಆಟ ನೋಡಿ ಎಷ್ಟೋ ಜನ ಕೈ ಚೆಲ್ಲಿ ಕೂಡುತ್ತಾರೆ.

ಅಷ್ಟೂರ, ಬೀದರ್ ಸುತ್ತಲಿನ ಹಳ್ಳಿಗಳು, ಭಾಲ್ಕಿ, ಔರಾದ್, ಎಲ್ಲಿ ಹೋದರೂ ಈ ದೂರು ಕೇಳಿಬರುತ್ತದೆ. ಬದು ಒತ್ತಿದ್ದಾರೆ, ದಾರಿ ಮುಚ್ಚಿದ್ದಾರೆ, ಅಣ್ಣ-ತಮ್ಮಂದಿರ ಪಾಲು ಆಗಿಲ್ಲ, ಅಂಗಡಿ ಬಾಡಿಗೆದಾರ ಜಾಗ ಬಿಡುತ್ತಿಲ್ಲ. ತಕರಾರು ಬೇರೆ ಬೇರೆ ಇರಬಹುದು, ಕೊನೆಗೆ ಉಳಿಯುವ ಪ್ರಶ್ನೆ ಒಂದೇ. ಕೋರ್ಟು ಹೇಳಿದ್ದನ್ನು ನೆಲದ ಮೇಲೆ ಮಾಡಿಸುವವರು ಯಾರು?

ಪೊಲೀಸರು ಬರದಿದ್ದಾಗಲೆಲ್ಲ 'ರೊಕ್ಕ ತಿಂದಿದ್ದಾರೆ' ಎನ್ನುವುದು ಸುಲಭ. ಕೆಲವು ಕಡೆ ಆ ಅನುಮಾನಕ್ಕೆ ಕಾರಣವೂ ಇರಬಹುದು. ಆದರೆ ಬಹಳಷ್ಟು ಪ್ರಕರಣಗಳಲ್ಲಿ ನಿಜವಾದ ತೊಡಕು ಬೇರೆ. ಕಕ್ಷಿದಾರನ ಕೈಯಲ್ಲಿರುವ ಆದೇಶ ಎದುರಿನವನಿಗೆ ಮಾತ್ರ 'ಹೀಗೆ ಮಾಡಬೇಡ' ಎಂದು ಹೇಳಿರುತ್ತದೆ. ಪೊಲೀಸರಿಗೆ 'ಹೋಗಿ ನಿಲ್ಲಿಸು' ಎಂದು ಅದರಲ್ಲಿ ಎಲ್ಲೂ ಬರೆದಿರುವುದಿಲ್ಲ. ಈ ವ್ಯತ್ಯಾಸ ಗೊತ್ತಿಲ್ಲದೆ ಜನ ವರ್ಷಗಟ್ಟಲೆ ಠಾಣೆ ಮೆಟ್ಟಿಲು ಹತ್ತಿ ಇಳಿಯುತ್ತಾರೆ.

ಇದು ಬರೀ ಬೀದರ್ ಸಮಸ್ಯೆ ಅಲ್ಲ

ಗೆದ್ದ ಮೇಲೆ ಕಷ್ಟ ಶುರುವಾಗುವುದು ಇಂದು ನಿನ್ನೆಯ ಕಥೆಯಲ್ಲ. ಭಾರತದಲ್ಲಿ ದಾವೆ ಹೂಡಿದವನ ತೊಂದರೆಗಳು ಡಿಕ್ರಿ ಪಡೆದ ಮೇಲೆಯೇ ಆರಂಭ ಆಗುತ್ತವೆ ಎಂಬ ಅರ್ಥದ ಮಾತನ್ನು ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಲ್ಲೇ ಹೇಳಿತ್ತು. ಒಂದೂವರೆ ಶತಮಾನ ಕಳೆದರೂ ಆ ಮಾತು ಹಳೆಯದಾಗಿಲ್ಲ.

2025ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ 'ಪೆರಿಯಮ್ಮಾಳ್' ಪ್ರಕರಣದ ತೀರ್ಪು ಕೊಟ್ಟಿತು. ಅದು ತಮಿಳುನಾಡಿನಲ್ಲಿ 1986ರಲ್ಲಿ ಹೂಡಿದ ದಾವೆ. ಡಿಕ್ರಿ ಆಗಿ ವರ್ಷಗಳು ಕಳೆದರೂ ಜಾಗ ಕೈಗೆ ಬಂದಿರಲಿಲ್ಲ. ಆಗ ಸುಪ್ರೀಂ ಕೋರ್ಟ್ ಎಲ್ಲ ಹೈಕೋರ್ಟ್‌ಗಳಿಗೂ ತಮ್ಮ ಕೆಳಗಿನ ನ್ಯಾಯಾಲಯಗಳಲ್ಲಿ ಎಷ್ಟು ಅಮಲ್ಜಾರಿ ಅರ್ಜಿಗಳು ಬಾಕಿ ಇವೆ ಎಂದು ಲೆಕ್ಕ ತರಿಸಿಕೊಳ್ಳಿ, 6 ತಿಂಗಳಲ್ಲಿ ಮುಗಿಸುವಂತೆ ನೋಡಿಕೊಳ್ಳಿ ಎಂದು ಸೂಚಿಸಿತು. ಅದೇ ವರ್ಷ ಅಕ್ಟೋಬರ್‌ನಲ್ಲಿ ಲೆಕ್ಕ ಬಂದಾಗ ದೇಶದಲ್ಲಿ ಸುಮಾರು 8.82 ಲಕ್ಷ ಅರ್ಜಿಗಳು ಬಾಕಿ ಇರುವುದು ಗೊತ್ತಾಯಿತು. ಅದರಲ್ಲಿ ಮಹಾರಾಷ್ಟ್ರ ಒಂದರಲ್ಲೇ 3.4 ಲಕ್ಷ. ಕರ್ನಾಟಕದ ಲೆಕ್ಕ ಆ ಹೊತ್ತಿಗೆ ಸುಪ್ರೀಂ ಕೋರ್ಟ್ ಮುಂದೆ ಬಂದಿರಲೇ ಇಲ್ಲ, ಅದಕ್ಕೆ ವಿವರಣೆಯನ್ನೂ ಕೇಳಲಾಯಿತು.

ಅಮಲ್ಜಾರಿ ಅರ್ಜಿ ಅಂದರೆ ಕೇಸು ಗೆದ್ದವನು 'ಗೆದ್ದಿದ್ದನ್ನು ಕೊಡಿಸಿ' ಎಂದು ಮತ್ತೆ ಹಾಕುವ ಅರ್ಜಿ. ಅಂದರೆ ಈ 8.82 ಲಕ್ಷದಲ್ಲಿ ಇರುವವರೆಲ್ಲ ಕಾಗದದ ಮೇಲೆ ಗೆದ್ದವರು.

ಠಾಣೆಯಲ್ಲಿ ಆಗುವುದೇನು?

ಪಿಎಸ್ಐ ಕುರ್ಚಿಯಲ್ಲಿ ಕುಳಿತು ನೋಡಿದರೆ ವಿಷಯ ಸ್ವಲ್ಪ ಬೇರೆ ಕಾಣುತ್ತದೆ. ಒಬ್ಬರು ತಡೆಯಾಜ್ಞೆಯ ನಕಲು ತರುತ್ತಾರೆ. ಅರ್ಧ ಗಂಟೆಯಲ್ಲಿ ಎದುರಿನವರು ಪಹಣಿ ಹಿಡಿದು ಬರುತ್ತಾರೆ. ಇನ್ನೊಂದು ದಾವೆಯಲ್ಲಿ ಅವರಿಗೂ ಒಂದು ಆದೇಶ ಸಿಕ್ಕಿರುತ್ತದೆ. ಒಬ್ಬರ ಕಾಗದದಲ್ಲಿ ಸರ್ವೆ ನಂಬರ್ ಪೂರ್ತಿ ಇದೆ, ಇನ್ನೊಬ್ಬರದರಲ್ಲಿ ಹಿಸ್ಸಾ ಮಾತ್ರ. ಹೊಲದಲ್ಲಿ ಪೋಡಿ ಆಗಿಲ್ಲ, ಕಲ್ಲು ನೆಟ್ಟಿಲ್ಲ. ಯಾವ ಬದುವಿನ ಈಚೆ ಯಾರದು ಎಂದು ಪೊಲೀಸರು ಹೇಗೆ ಹೇಳಬೇಕು?

ಹೇಳಬಾರದು ಎಂಬುದೇ ಕಾನೂನು. ಆಸ್ತಿ ಯಾರದು, ಸ್ವಾಧೀನ ಯಾರದು ಎಂದು ತೀರ್ಮಾನಿಸುವ ಅಧಿಕಾರ ಪೊಲೀಸರಿಗಿಲ್ಲ. ಹಾಗೆ ತೀರ್ಮಾನಿಸಿದರೆ ನಾಳೆ ರೊಕ್ಕ ಇದ್ದವನೋ ರಾಜಕೀಯ ಬೆಂಬಲ ಇದ್ದವನೋ ಪೊಲೀಸ್ ಜೀಪಿನಲ್ಲಿ ಬಂದು ಬಡವನ ಹೊಲಕ್ಕೆ ಬೇಲಿ ಹಾಕುತ್ತಾನೆ. 'ಸಿವಿಲ್ ವಿಷಯಕ್ಕೆ ಕೈ ಹಾಕಬೇಡಿ' ಎಂದು ನ್ಯಾಯಾಲಯಗಳು ಪೊಲೀಸರಿಗೆ ಮತ್ತೆ ಮತ್ತೆ ಎಚ್ಚರಿಸುವುದು ಈ ಕಾರಣಕ್ಕೆ. ಇವತ್ತು ತೊಂದರೆ ಅನ್ನಿಸುವ ಇದೇ ಗೆರೆ ನಾಳೆ ನಮ್ಮನ್ನೇ ಕಾಯಬಹುದು.

ಆದರೆ ಈ ಗೆರೆಯ ಹಿಂದೆ ಅಡಗಿ ಕೂರುವುದೂ ತಪ್ಪು. ಆಯುಧ ಹಿಡಿದು ಹೊಡೆದರೆ, ಮನೆಗೆ ನುಗ್ಗಿದರೆ, ಅಂಗಡಿ ಬೀಗ ಮುರಿದು ಮಾಲು ಸಾಗಿಸಿದರೆ ಅದು ಸಿವಿಲ್ ಮ್ಯಾಟರ್ ಅಲ್ಲ, ಅಪರಾಧ. ಸಂಜ್ಞೇಯ ಅಪರಾಧದ ಮಾಹಿತಿ ಬಂದರೆ ಎಫ್‌ಐಆರ್ ದಾಖಲಿಸಲೇಬೇಕು ಎಂದು ಸುಪ್ರೀಂ ಕೋರ್ಟ್ 2013ರ ನವೆಂಬರ್‌ನಲ್ಲಿ ಲಲಿತಾ ಕುಮಾರಿ ಪ್ರಕರಣದಲ್ಲಿ ಹೇಳಿದೆ. ಅಪರಾಧ ಆಗುವ ಮೊದಲೇ ತಡೆಯುವ ಅಧಿಕಾರವೂ ಪೊಲೀಸರಿಗಿದೆ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 168 ಅದನ್ನೇ ಹೇಳುತ್ತದೆ. ಹೊಡೆದಾಟ ಆಗುವ ಲಕ್ಷಣ ಇದ್ದರೆ ಶಾಂತಿ ಕಾಪಾಡುವ ಮುಚ್ಚಳಿಕೆ ಬರೆಸಿಕೊಳ್ಳಲು ಕಲಂ 126 ಇದೆ. ಆಸ್ತಿ ಯಾರದೆಂದು ತೀರ್ಮಾನಿಸದೆಯೇ ಇಷ್ಟನ್ನು ಮಾಡಬಹುದು.

'ಸ್ಟೇ' ಅಂದರೆ ಸ್ವಾಧೀನ ಅಲ್ಲ

ಜನ ಹೆಚ್ಚು ತಪ್ಪು ತಿಳಿಯುವುದು ಇಲ್ಲೇ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 39ರಡಿ ಸಿಗುವ ತಾತ್ಕಾಲಿಕ ತಡೆಯಾಜ್ಞೆಯ ಕೆಲಸ ಇದ್ದುದನ್ನು ಇದ್ದಂತೆ ಉಳಿಸುವುದು. ಹೊಲ ಯಾರ ಕೈಯಲ್ಲಿದೆಯೋ ಅವರನ್ನು ಎದುರಿನವರು ಕದಲಿಸಬಾರದು ಎಂದಷ್ಟೇ ಅದರ ಅರ್ಥ. ಸ್ವಾಧೀನ ಇಲ್ಲದವನಿಗೆ ಅದು ಸ್ವಾಧೀನ ಕೊಡುವುದಿಲ್ಲ.

ಎದುರಿನವರನ್ನು ಕೇಳದೆ ಮೊದಲ ದಿನವೇ ಕೊಡುವ ಏಕಪಕ್ಷೀಯ ಆದೇಶದಲ್ಲಿ ಅಪಾಯ ಇನ್ನೂ ಹೆಚ್ಚು. ಅಂಥ ಆದೇಶ ಪಡೆದವನು ಅದೇ ದಿನ ಅಥವಾ ಮರುದಿನ ಎದುರು ಪಕ್ಷಕ್ಕೆ ಅರ್ಜಿ, ದಾವೆ, ದಾಖಲೆಗಳ ನಕಲು ಕಳಿಸಿ, ಕಳಿಸಿದ್ದೇನೆ ಎಂದು ಪ್ರಮಾಣಪತ್ರ ಹಾಕಬೇಕು. 30 ದಿನಗಳೊಳಗೆ ಅರ್ಜಿ ತೀರ್ಮಾನಿಸಲು ಕೋರ್ಟು ಪ್ರಯತ್ನಿಸಬೇಕು. ಏಕಪಕ್ಷೀಯ ಆದೇಶವನ್ನು ಹಿಡಿದು, ಪೊಲೀಸರನ್ನು ಮುಂದಿಟ್ಟುಕೊಂಡು, ವರ್ಷಗಳಿಂದ ಉಳುತ್ತಿದ್ದವನನ್ನು ಹೊರಹಾಕುವುದು ಕಾನೂನಿನ ದುರುಪಯೋಗ. ಠಾಣೆಯವರು ಏಕಪಕ್ಷೀಯ ಆದೇಶ ನೋಡಿ ಹಿಂದೆ ಮುಂದೆ ನೋಡುವುದಕ್ಕೆ ಇದೂ ಒಂದು ಕಾರಣ.

'ಯಥಾಸ್ಥಿತಿ ಕಾಪಾಡಿ' ಎಂಬ ಆದೇಶವಂತೂ ಇನ್ನೂ ಗೊಂದಲ. ಯಾವ ದಿನದ ಸ್ಥಿತಿ? ಆ ದಿನ ಹೊಲ ಯಾರ ಕೈಯಲ್ಲಿತ್ತು? ಆದೇಶದಲ್ಲಿ ಬರೆದಿಲ್ಲದಿದ್ದರೆ ಇಬ್ಬರೂ 'ನನ್ನದೇ ಸ್ವಾಧೀನ' ಎನ್ನುತ್ತಾರೆ, ಪೊಲೀಸರು ನಡುವೆ ನಿಂತು ನೋಡುತ್ತಾರೆ. ಇಂಥ ಆದೇಶ ಬಂದರೆ ವಕೀಲರ ಮೂಲಕ ಕೂಡಲೇ ಸ್ಪಷ್ಟನೆ ಕೇಳುವುದು ಒಳ್ಳೆಯದು. ನೆಲದ ಸ್ಥಿತಿ ನೋಡಿ ವರದಿ ಕೊಡಲು ಆದೇಶ 26ರ ನಿಯಮ 9ರಡಿ ಕೋರ್ಟ್ ಕಮಿಷನರ್ ನೇಮಿಸುವಂತೆ ಕೇಳಬಹುದು. ಯಾರು ಬಿತ್ತಿದ್ದಾರೆ, ಎಲ್ಲಿ ಬೇಲಿ ಇದೆ, ಬಾವಿ ಯಾವ ಕಡೆ ಇದೆ ಎಂಬ ವರದಿ ಕೋರ್ಟಿನ ಕಡತದಲ್ಲಿ ಇದ್ದರೆ ಮುಂದೆ ಮಾತು ಬದಲಿಸುವುದು ಕಷ್ಟ.

ಪೊಲೀಸ್ ನೆರವಿನ ಬಾಗಿಲು ಎಲ್ಲಿದೆ?

ತಡೆಯಾಜ್ಞೆ ಸಿಕ್ಕ ಮೇಲೂ ಎದುರಿನವನು ಕೇಳದಿದ್ದರೆ ಮಾಡಬೇಕಾದ ಕೆಲಸ, ಅದೇ ಕೋರ್ಟಿನಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 151ರಡಿ ಪೊಲೀಸ್ ನೆರವು ಕೋರಿ ಅರ್ಜಿ ಹಾಕುವುದು. ಆ ಕಲಮಿನಲ್ಲಿ 'ಪೊಲೀಸ್' ಎಂಬ ಪದವೇ ಇಲ್ಲ. ನ್ಯಾಯ ಒದಗಿಸಲು ಬೇಕಾದ ಆದೇಶ ಮಾಡುವ ಅಂತರ್ಗತ ಅಧಿಕಾರ ಕೋರ್ಟಿಗಿದೆ ಎಂದು ಮಾತ್ರ ಅದು ಹೇಳುತ್ತದೆ. ತನ್ನ ಆದೇಶ ಕಾಗದದಲ್ಲೇ ಉಳಿಯಬಾರದು ಎಂದಾದರೆ ಪೊಲೀಸರಿಗೆ ನಿರ್ದೇಶನ ಕೊಡುವ ಶಕ್ತಿಯೂ ಕೋರ್ಟಿಗಿರಬೇಕು ಎಂದು ಆಂಧ್ರಪ್ರದೇಶ ಹೈಕೋರ್ಟ್ 1970ರ ದಶಕದ ಹೊತ್ತಿಗೇ ರಾಯಪಾಟಿ ಔದೆಮ್ಮ ಪ್ರಕರಣದಲ್ಲಿ ಹೇಳಿತು. ಸುಪ್ರೀಂ ಕೋರ್ಟ್ ಕೂಡ ಮೀರಾ ಚೌಹಾಣ್ ಪ್ರಕರಣದಲ್ಲಿ ಇದೇ ದಾರಿಯನ್ನು ಒಪ್ಪಿಕೊಂಡಿದೆ.

ಕೆಲವರು ತಾಲ್ಲೂಕು ಕೋರ್ಟ್ ಬಿಟ್ಟು ನೇರವಾಗಿ ಹೈಕೋರ್ಟಿನ ಕಲಬುರಗಿ ಪೀಠಕ್ಕೆ ಹೋಗಿ 'ಪೊಲೀಸ್ ರಕ್ಷಣೆ ಕೊಡಿಸಿ' ಎಂದು ರಿಟ್ ಹಾಕಲು ನೋಡುತ್ತಾರೆ. 2013ರಲ್ಲಿ ಆ ಪೀಠ ಕಾಯಂ ಆದ ಮೇಲೆ ಬೀದರ್ ಜನಕ್ಕೆ ಬೆಂಗಳೂರಿನ ದಾರಿ ತಪ್ಪಿದೆ ಎನ್ನುವುದು ನಿಜ. ಆದರೆ ಆಸ್ತಿಯ ಹಕ್ಕು ಯಾರದೆಂದು ಇನ್ನೂ ತೀರ್ಮಾನ ಆಗದಿದ್ದಾಗ, ಪೊಲೀಸ್ ರಕ್ಷಣೆಯ ಹೆಸರಿನಲ್ಲಿ ರಿಟ್ ಮೂಲಕ ಸಿವಿಲ್ ಹಕ್ಕು ಪಡೆಯುವಂತಿಲ್ಲ, ಮೊದಲು ಸಿವಿಲ್ ಕೋರ್ಟಿಗೆ ಹೋಗಬೇಕು ಎಂದು ಸುಪ್ರೀಂ ಕೋರ್ಟ್ 2006ರಲ್ಲಿ ಪಿ.ಆರ್. ಮುರಳೀಧರನ್ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ. ಸಿವಿಲ್ ಕೋರ್ಟಿನ ಸ್ಪಷ್ಟ ಆದೇಶ ಇದ್ದೂ ಪೊಲೀಸರು ಕೈಕಟ್ಟಿ ಕೂತರೆ ಮಾತ್ರ ಹೈಕೋರ್ಟಿನಲ್ಲಿ ಹೇಳಲು ಮಾತಿರುತ್ತದೆ.

ಕಲಂ 151ರ ಅರ್ಜಿಯಲ್ಲಿ 'ತೊಂದರೆ ಕೊಡುತ್ತಿದ್ದಾರೆ' ಎಂದು ಒಂದು ಸಾಲು ಬರೆದರೆ ಸಾಲದು. ಯಾವ ತಾರೀಖು, ಎಷ್ಟು ಹೊತ್ತಿಗೆ, ಯಾರು ಬಂದರು, ಏನು ಮಾಡಿದರು, ಠಾಣೆಗೆ ಯಾವಾಗ ದೂರು ಕೊಟ್ಟಿದ್ದು, ಅವರು ಕೊಟ್ಟ ಹಿಂಬರಹ ಏನು, ಎಲ್ಲವನ್ನೂ ಹೇಳಬೇಕು. ಫೋಟೊ, ವಿಡಿಯೊ, ಠಾಣೆಯ ಸ್ವೀಕೃತಿ ಲಗತ್ತಿಸಬೇಕು. ಸಾಮಾನ್ಯವಾಗಿ ಎದುರು ಪಕ್ಷದ ಮಾತನ್ನೂ ಕೇಳಿದ ನಂತರವೇ ಕೋರ್ಟು ನಿರ್ಧಾರ ಮಾಡುತ್ತದೆ. ಸಿಗುವ ಆದೇಶದಲ್ಲಿ ಠಾಣೆಯ ಹೆಸರು, ಸರ್ವೆ ನಂಬರ್, ಚೆಕ್ಕುಬಂದಿ, ಯಾವ ಕೆಲಸಕ್ಕೆ ನೆರವು, ಎಷ್ಟು ದಿನ ಎಂಬುದು ಇರಲಿ ಎಂದು ವಕೀಲರಿಗೆ ಹೇಳುವುದು ಲೇಸು. 'ಅಗತ್ಯ ಕ್ರಮ ಕೈಗೊಳ್ಳಿ' ಎಂಬ ಮೊಟಕು ಸಾಲು ಠಾಣೆಯಲ್ಲಿ ಮತ್ತೆ ಚರ್ಚೆಗೆ ಬೀಳುತ್ತದೆ.

ಆದೇಶ ಮುರಿದವನಿಗೆ ಏನು ಶಿಕ್ಷೆ?

ಪೊಲೀಸ್ ನೆರವು ಮುಂದಾಗುವುದನ್ನು ತಡೆಯಲು. ಆಗಿಹೋದ ಉಲ್ಲಂಘನೆಗೆ ಬೇರೆ ದಾರಿ ಇದೆ. ಆದೇಶ 39ರ ನಿಯಮ 2ಎ ಪ್ರಕಾರ ತಡೆಯಾಜ್ಞೆ ಮುರಿದವನ ಆಸ್ತಿಯನ್ನು ಕೋರ್ಟು ಜಪ್ತಿ ಮಾಡಬಹುದು, 3 ತಿಂಗಳವರೆಗೆ ಸಿವಿಲ್ ಜೈಲಿಗೂ ಕಳಿಸಬಹುದು. ಜಪ್ತಿ 1 ವರ್ಷದವರೆಗೆ ಇರಬಹುದು, ಆಮೇಲೂ ಉಲ್ಲಂಘನೆ ಮುಂದುವರಿದರೆ ಆಸ್ತಿ ಹರಾಜಿಗೂ ಬರಬಹುದು.

ಎರಡು ಅರ್ಜಿಗಳೂ ಬೇರೆ ಬೇರೆ. ನಿಯಮ 2ಎ ಅರ್ಜಿಯಲ್ಲಿ ಸಾಕ್ಷಿ ವಿಚಾರಣೆ ಆಗುತ್ತದೆ, ಸಮಯ ಹಿಡಿಯುತ್ತದೆ. ಅಷ್ಟರಲ್ಲಿ ತೊಗರಿ ಕೊಯ್ದುಕೊಂಡು ಹೋಗಿರುತ್ತಾರೆ, ಗೋಡೆ ಎದ್ದಿರುತ್ತದೆ. ಹಾಗಾಗಿ ತಕ್ಷಣದ ತಡೆಗೆ ಕಲಂ 151, ತಪ್ಪಿಗೆ ಶಿಕ್ಷೆಗೆ ನಿಯಮ 2ಎ ಎಂದು ಎರಡನ್ನೂ ಒಟ್ಟಿಗೆ ಯೋಚಿಸಬೇಕು. 'ಆ ಆದೇಶವೇ ತಪ್ಪು, ಅದಕ್ಕೇ ನಾನು ಪಾಲಿಸಲಿಲ್ಲ' ಎನ್ನುವುದು ಉತ್ತರ ಅಲ್ಲ. ಆದೇಶ ತಪ್ಪಾಗಿದ್ದರೆ ಮೇಲ್ಮನವಿ ಹಾಕಿ ರದ್ದು ಮಾಡಿಸಬೇಕು. ಅಲ್ಲಿಯವರೆಗೆ ಪಾಲಿಸಲೇಬೇಕು.

ಡಿಕ್ರಿ ಆದ ಮೇಲೆ: ಅಮೀನ, ಬೀಗ, 30 ದಿನ

ಕೇಸು ಪೂರ್ತಿ ಮುಗಿದು 'ಸ್ವಾಧೀನ ಬಿಟ್ಟುಕೊಡಬೇಕು' ಎಂದು ಡಿಕ್ರಿ ಆಗಿದ್ದರೆ ದಾರಿ ಬದಲಾಗುತ್ತದೆ. ಈಗ ಅಮಲ್ಜಾರಿ ಅರ್ಜಿ ಹಾಕಬೇಕು. ಸ್ವಾಧೀನದ ಡಿಕ್ರಿಗೆ ಅವಧಿ 12 ವರ್ಷ. ಇಷ್ಟು ದೊಡ್ಡ ಅವಧಿ ಇದೆ ಎಂದು ಸುಮ್ಮನೆ ಕೂತು, ನಡುವೆ ಎದುರಿನವನು ಜಾಗವನ್ನು ಮೂರನೆಯವನಿಗೆ ಮಾರಿದ ಮೇಲೆ ಎದ್ದು ಓಡಾಡುವವರಿದ್ದಾರೆ. 'ಇಂಥ ಕೆಲಸ ಮಾಡಿಕೊಡು' ಎಂಬ ಆಜ್ಞಾಪಕ ಡಿಕ್ರಿಗೆ, ಉದಾಹರಣೆಗೆ ಕಟ್ಟಿದ ಗೋಡೆ ತೆಗೆಸುವುದಕ್ಕೆ, ಅವಧಿ 3 ವರ್ಷ ಮಾತ್ರ.

ಸ್ವಾಧೀನ ವಾರಂಟ್ ಹಿಡಿದು ಬರುವವರು ಕೋರ್ಟಿನ ಅಮೀನರು, ಪೊಲೀಸರಲ್ಲ. ಒಳಗಿದ್ದವರು ಬಾಗಿಲು ತೆಗೆಯದಿದ್ದರೆ, ಮನೆಯ ಹೆಣ್ಣುಮಕ್ಕಳಿಗೆ ಗೌರವದಿಂದ ಹೊರಹೋಗಲು ಸಮಯ ಕೊಟ್ಟು, ಬೀಗ ಮುರಿದು ಒಳಹೋಗುವ ಅಧಿಕಾರ ಆದೇಶ 21ರ ನಿಯಮ 35ರಲ್ಲಿದೆ. ಆದರೆ ಒಬ್ಬ ಅಮೀನ 20 ಜನರ ಎದುರು ಏನು ಮಾಡಬೇಕು? 'ಅಡ್ಡಿ ಮಾಡಿದರು' ಎಂದು ವರದಿ ಬರೆದು ವಾಪಸ್ ಹೋಗುತ್ತಾರೆ.

ಆ ದಿನದಿಂದ ಒಂದು ಗಡಿಯಾರ ಶುರುವಾಗುತ್ತದೆ. ಅಡ್ಡಿ ಮಾಡಿದ ದಿನದಿಂದ 30 ದಿನದೊಳಗೆ ಆದೇಶ 21ರ ನಿಯಮ 97ರಡಿ ಅಡ್ಡಿ ತೆರವಿಗೆ ಅರ್ಜಿ ಹಾಕಬೇಕು. ಬಹಳ ಜನಕ್ಕೆ ಈ 30 ದಿನದ ಲೆಕ್ಕ ಗೊತ್ತಿಲ್ಲ. ಅಡ್ಡಿಗೆ ನ್ಯಾಯವಾದ ಕಾರಣ ಇಲ್ಲ ಎಂದು ಕಂಡರೆ ಕೋರ್ಟು ಸ್ವಾಧೀನ ಕೊಡಿಸುತ್ತದೆ, ಮತ್ತೂ ಅಡ್ಡಿ ಮಾಡಿದವನನ್ನು 30 ದಿನದವರೆಗೆ ಸಿವಿಲ್ ಜೈಲಿಗೆ ಕಳಿಸಬಹುದು.

ಇಲ್ಲಿ ಪೊಲೀಸರ ಪಾತ್ರವನ್ನು ಸುಪ್ರೀಂ ಕೋರ್ಟ್ 2021ರ ಏಪ್ರಿಲ್‌ನಲ್ಲಿ ರಾಹುಲ್ ಎಸ್. ಶಾ ಪ್ರಕರಣದಲ್ಲಿ ನೇರವಾಗಿ ಹೇಳಿದೆ. ಪೊಲೀಸ್ ನೆರವಿಲ್ಲದೆ ಡಿಕ್ರಿ ಜಾರಿ ಸಾಧ್ಯವಿಲ್ಲ ಎಂದು ಕಂಡರೆ ಅಮಲ್ಜಾರಿ ಕೋರ್ಟು ಸಂಬಂಧಪಟ್ಟ ಠಾಣೆಗೆ ನಿರ್ದೇಶನ ಕೊಡಬಹುದು. ಜಾರಿಗೆ ಹೋದ ಸಿಬ್ಬಂದಿ ಮೇಲೆ ಕೈ ಮಾಡಿದರೆ ಕಠಿಣ ಕ್ರಮ ಆಗಬೇಕು. ಅಮಲ್ಜಾರಿ ಅರ್ಜಿ 6 ತಿಂಗಳಲ್ಲಿ ಮುಗಿಯಬೇಕು, ಆಗದಿದ್ದರೆ ಕಾರಣ ಬರೆದಿಡಬೇಕು. ಈ ತೀರ್ಪು ಕರ್ನಾಟಕದ ಪ್ರಕರಣದಿಂದಲೇ ಬಂದದ್ದು. ಅಮೀನರು ಒಮ್ಮೆ ಬರಿಗೈಲಿ ವಾಪಸಾದರೆ ಎರಡನೇ ವಾರಂಟಿನ ಜೊತೆಗೇ ಪೊಲೀಸ್ ನೆರವಿನ ಅರ್ಜಿ ಹಾಕುವುದಕ್ಕೆ ಇದೇ ಆಧಾರ.

ಅಷ್ಟೂರದ ತೊಡಕು ಇನ್ನೊಂದು ಬಗೆ

ಬೀದರ್ ನಗರದಿಂದ ಕೆಲವೇ ಕಿಲೋಮೀಟರ್ ದೂರದ ಅಷ್ಟೂರದಲ್ಲಿ ಬಹಮನಿ ಸುಲ್ತಾನರ ಗುಮ್ಮಟಗಳಿವೆ. ಅಹ್ಮದ್ ಷಾ ವಲಿ ಗುಮ್ಮಟದ ಜಾತ್ರೆಗೆ ಇವತ್ತಿಗೂ ಕಲಬುರಗಿ ಜಿಲ್ಲೆ ಮಾಡ್ಯಾಳದ ಜಂಗಮರು ಬರುತ್ತಾರೆ. ಒಬ್ಬರು ಉರುಸ್ ಅನ್ನುತ್ತಾರೆ, ಇನ್ನೊಬ್ಬರು ಅಲ್ಲಮಪ್ರಭು ಜಾತ್ರೆ ಅನ್ನುತ್ತಾರೆ. ಹೆಸರಿನ ತಕರಾರಿಲ್ಲದೆ ಎಲ್ಲರೂ ಸೇರುವ ಜಾಗ ಅದು.

ಆದರೆ ಸುತ್ತಲಿನ ಹೊಲ, ಮನೆ, ಪ್ಲಾಟ್ ವಿಷಯಕ್ಕೆ ಬಂದರೆ ಕಾಗದದ ಗೋಜಲು ಇದೆ. ಗುಮ್ಮಟಗಳು ಕೇಂದ್ರ ಪುರಾತತ್ವ ಇಲಾಖೆಯ ಸಂರಕ್ಷಿತ ಸ್ಮಾರಕ. 2010ರ ತಿದ್ದುಪಡಿ ಪ್ರಕಾರ ಸಂರಕ್ಷಿತ ಗಡಿಯಿಂದ 100 ಮೀಟರ್‌ವರೆಗೆ ಹೊಸ ಕಟ್ಟಡ ನಿಷೇಧ, ಅದರಾಚೆ 200 ಮೀಟರ್‌ವರೆಗೆ ಅನುಮತಿ ಬೇಕು. ಇಲ್ಲಿ ಒಬ್ಬನು ಪಕ್ಕದವನ ವಿರುದ್ಧ ತಡೆಯಾಜ್ಞೆ ಗೆದ್ದ ಅಂದುಕೊಳ್ಳಿ. ಆ ಆದೇಶ ದಾವೆಯಲ್ಲಿದ್ದ ಪಕ್ಷಗಾರರನ್ನು ಕಟ್ಟಿಹಾಕುತ್ತದೆಯೇ ಹೊರತು ದಾವೆಯಲ್ಲಿ ಇಲ್ಲದ ಪುರಾತತ್ವ ಇಲಾಖೆಯನ್ನಲ್ಲ. 'ಕೋರ್ಟು ನನಗೆ ಕೊಟ್ಟಿದೆ' ಎಂದು ತಳಪಾಯ ತೋಡಿಸಿದರೆ ನಾಳೆ ನೋಟಿಸ್ ಬರುವುದು ಬೇರೆ ಬಾಗಿಲಿನಿಂದ. ಪ್ಲಾಟ್ ಕೊಳ್ಳುವವರು ಇದನ್ನು ಮೊದಲೇ ನೋಡಿಕೊಳ್ಳಬೇಕು.

ಎರಡನೆಯದು ಹಳೆಯ ದಾಖಲೆ. ಬೀದರ್ 1948ರವರೆಗೆ ನಿಜಾಮರ ಆಳ್ವಿಕೆಯಲ್ಲಿತ್ತು, 1956ರವರೆಗೆ ಹೈದರಾಬಾದ್ ರಾಜ್ಯದಲ್ಲಿತ್ತು. ಎಷ್ಟೋ ಮನೆಗಳಲ್ಲಿ ಮೂಲ ಕಾಗದ ಉರ್ದುವಿನಲ್ಲಿದೆ. ಇನಾಂ ರದ್ದಾದದ್ದು, ಗೇಣಿದಾರರಿಗೆ ಹಕ್ಕು ಬಂದದ್ದರ ಹಿಂದೆ ಹೈದರಾಬಾದ್ ಕಾಲದ ಕಾಯ್ದೆಗಳೂ ಇವೆ. ಕಾಗದದಲ್ಲಿ ಚೆಕ್ಕುಬಂದಿ ಅಂದರೆ 'ಪೂರ್ವಕ್ಕೆ ಇಂಥವರ ಹೊಲ' ಎಂದಷ್ಟೇ ಇರುತ್ತದೆ, ಆ ಇಂಥವರು ತೀರಿ ಎರಡು ತಲೆಮಾರು ಆಗಿರುತ್ತದೆ. 2024ರಲ್ಲಿ ಪಹಣಿಗಳಲ್ಲಿ ವಕ್ಫ್ ನಮೂದು ಕಂಡು ಜಿಲ್ಲೆಯ ರೈತರು ಗಾಬರಿಯಾದದ್ದು, ನಂತರ ನೋಟಿಸ್ ಹಿಂಪಡೆಯಲು ಸರಕಾರ ಸೂಚಿಸಿದ್ದು ಎಲ್ಲರಿಗೂ ನೆನಪಿದೆ.

ಇಂಥ ಜಮೀನಿನಲ್ಲಿ ಅಳತೆ ಆಗದೆ ಸಿಗುವ ಆದೇಶ ನೆಲಕ್ಕೆ ಇಳಿಯುವುದಿಲ್ಲ. ಪೊಲೀಸರು ಬಂದರೂ ಎಲ್ಲಿ ನಿಲ್ಲಬೇಕು ಎಂದು ಗೊತ್ತಾಗುವುದಿಲ್ಲ. ದಾವೆಗೆ ಮೊದಲೇ ಹದ್ದುಬಸ್ತು ಮಾಡಿಸಿ, ಸಾಧ್ಯವಾದರೆ ಪೋಡಿ ಮಾಡಿಸಿ, ನಕ್ಷೆಯನ್ನು ದಾವೆಗೆ ಲಗತ್ತಿಸಿದರೆ ಅರ್ಧ ಗೊಂದಲ ತಪ್ಪುತ್ತದೆ. ಹಕ್ಕಿನ ಮೇಲೇ ಎದುರಿನವನು ಗಂಭೀರ ತಕರಾರು ಎತ್ತಿದ್ದರೆ ಬರೀ ತಡೆಯಾಜ್ಞೆಯ ದಾವೆ ಸಾಲದು, ಹಕ್ಕು ಘೋಷಣೆಯನ್ನೂ ಕೇಳಬೇಕು. ಅನಾತುಲ ಸುಧಾಕರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2008ರಲ್ಲಿ ಇದನ್ನು ಬಿಡಿಸಿ ಹೇಳಿದೆ.

ಅಂಗಡಿಯವರು ತಿಳಿಯಬೇಕಾದ್ದು

ಅಂಗಡಿ ಮಾಲೀಕ-ಬಾಡಿಗೆದಾರರ ಜಗಳದಲ್ಲಿ ಪೊಲೀಸ್ ಹೆಸರು ಬೇಗ ಬರುತ್ತದೆ. 'ಠಾಣೆಗೆ ಕರೆಸಿ ಖಾಲಿ ಮಾಡಿಸ್ತೀನಿ' ಎಂಬ ಮಾತು ಬಜಾರಿನಲ್ಲಿ ಹೊಸದಲ್ಲ. ಕರಾರು ಮುಗಿದಿದ್ದರೂ, ಬಾಡಿಗೆ ಬಾಕಿ ಇದ್ದರೂ, ಕೋರ್ಟಿನ ಆದೇಶ ಇಲ್ಲದೆ ಬಾಡಿಗೆದಾರನನ್ನು ಬಲವಂತವಾಗಿ ಹೊರಹಾಕುವಂತಿಲ್ಲ. ನೆಲೆಯಾದ ಸ್ವಾಧೀನದಲ್ಲಿರುವವನನ್ನು ನಿಜವಾದ ಮಾಲೀಕನೂ ಕಾನೂನಿನ ದಾರಿಯಲ್ಲೇ ತೆರವು ಮಾಡಿಸಬೇಕು ಎಂದು ಸುಪ್ರೀಂ ಕೋರ್ಟ್ 2003ರಲ್ಲಿ, ಕರ್ನಾಟಕದಿಂದಲೇ ಹೋದ ರಾಮೇಗೌಡ ಪ್ರಕರಣದಲ್ಲಿ ಹೇಳಿತು.

ರಾತ್ರೋರಾತ್ರಿ ಬೀಗ ಹಾಕಿ ಹೊರಹಾಕಿದರೆ ನಿರ್ದಿಷ್ಟ ಪರಿಹಾರ ಕಾಯ್ದೆ 1963ರ ಕಲಂ 6ರಡಿ ದಾವೆ ಹಾಕಬಹುದು. ಅಲ್ಲಿ ಮಾಲೀಕತ್ವದ ಪ್ರಶ್ನೆ ಬರುವುದಿಲ್ಲ, ಹೊರಹಾಕಿದ್ದು ಸರಿಯೋ ತಪ್ಪೋ ಎಂಬುದಷ್ಟೇ ವಿಚಾರ. ಆದರೆ 6 ತಿಂಗಳೊಳಗೆ ಹಾಕಬೇಕು. ಹಿರಿಯರ ಪಂಚಾಯಿತಿ, ಇವತ್ತು ನಾಳೆ ಎನ್ನುತ್ತ 6 ತಿಂಗಳು ದಾಟಿದರೆ ಈ ಸುಲಭದ ದಾರಿ ಮುಚ್ಚುತ್ತದೆ.

ಮಾಲೀಕರ ಕಷ್ಟವೂ ಸಣ್ಣದಲ್ಲ. ವರ್ಷಗಟ್ಟಲೆ ಹಳೆಯ ಬಾಡಿಗೆ ಕೊಟ್ಟು ಕೂತವನನ್ನು ಎಬ್ಬಿಸಲು ಮುದುಕರು ಕೋರ್ಟಿಗೆ ಅಲೆಯುತ್ತಾರೆ. ಅವರಿಗೆ ಇರುವ ದಾರಿ ನೋಟಿಸ್, ದಾವೆ, ಡಿಕ್ರಿ, ಅಮಲ್ಜಾರಿ. ದೂರದ ದಾರಿ ನಿಜ, ಆದರೆ ಅಡ್ಡದಾರಿ ಹಿಡಿದು ಬೀಗ ಹಾಕಿದರೆ ಗೆಲ್ಲುವ ಕೇಸನ್ನೂ ಕೈಯಾರೆ ಕೆಡಿಸಿಕೊಂಡಂತೆ.

ಯಾರಾದರೂ ದಿಢೀರನೆ ಏಕಪಕ್ಷೀಯ ಆದೇಶ ತರಬಹುದು ಎಂಬ ಭಯ ಇದ್ದರೆ ಕಲಂ 148ಎ ಅಡಿ ಕೇವಿಯಟ್ ಹಾಕಿಡಬಹುದು. ಅದು 90 ದಿನ ಇರುತ್ತದೆ. ಆ ಅವಧಿಯಲ್ಲಿ ಎದುರಿನವರು ಅರ್ಜಿ ಹಾಕಿದರೆ ಮೊದಲು ನಿಮಗೆ ನೋಟಿಸ್ ಬರಬೇಕು. ಬೇಕಾದರೆ ಮತ್ತೆ ಹಾಕಬಹುದು.

ಠಾಣೆ ಸ್ಪಂದಿಸದಿದ್ದರೆ

ಕೋರ್ಟಿನ ಪೊಲೀಸ್ ನೆರವಿನ ಆದೇಶ ಬಂದ ಮೇಲೂ ಠಾಣೆ ಅಲುಗಾಡದಿದ್ದರೆ ಬಾಯಿ ಮಾತಿನ ಜಗಳ ಬೇಡ. ಆದೇಶದ ಪ್ರಮಾಣೀಕೃತ ನಕಲಿನೊಂದಿಗೆ ಬರಹದಲ್ಲಿ ಮನವಿ ಕೊಟ್ಟು ಸ್ವೀಕೃತಿ ಪಡೆಯಬೇಕು. ನಂತರ ಡಿವೈಎಸ್ಪಿ, ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗೆ ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಬೇಕು. ಆ ಅಂಚೆ ರಸೀದಿಯೇ ಮುಂದೆ ಕೋರ್ಟಿನಲ್ಲಿ ಮಾತಾಡುತ್ತದೆ. ಆದೇಶ ನೀಡಿದ ಕೋರ್ಟಿಗೇ ಇದನ್ನು ತಿಳಿಸಿ ಠಾಣಾಧಿಕಾರಿಯಿಂದ ವರದಿ ಕೇಳಿಸಬಹುದು. ಆಗಲೂ ಆಗದಿದ್ದರೆ ಹೈಕೋರ್ಟಿನ ಮುಂದೆ ಹೋಗುವ ದಾರಿ ಇದೆ, ನ್ಯಾಯಾಂಗ ನಿಂದನೆ ಅರ್ಜಿಗೆ 1 ವರ್ಷದ ಮಿತಿ ಇದೆ ಎಂಬುದು ನೆನಪಿರಲಿ.

ಅಪರಾಧದ ದೂರು ತೆಗೆದುಕೊಳ್ಳದಿದ್ದರೆ ಮೊದಲು ಎಸ್ಪಿಗೆ ಬರಹದ ದೂರು, ನಂತರ ಮ್ಯಾಜಿಸ್ಟ್ರೇಟರ ಮುಂದೆ ಅರ್ಜಿ. ವಕೀಲರಿಗೆ ಕೊಡಲು ರೊಕ್ಕ ಇಲ್ಲ ಎನ್ನುವವರು ಕಾನೂನು ಸೇವಾ ಪ್ರಾಧಿಕಾರ ಅಥವಾ ತಾಲ್ಲೂಕು ಸಮಿತಿಗೆ ಹೋಗಬಹುದು. ಮಹಿಳೆಯರು, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯದ ಮಿತಿ ಇಲ್ಲದೆ ಉಚಿತ ವಕೀಲರ ನೆರವು ಸಿಗುತ್ತದೆ.

ಬದಲಾಗಬೇಕಾದ್ದು ಏನು?

ಕಕ್ಷಿದಾರರಿಗೆ ತಿಳಿವಳಿಕೆ ಬೇಕು, ಅದು ನಿಜ. ಆದರೆ ಹೊಣೆ ಎಲ್ಲವನ್ನೂ ಹೊಲದವನ ಮೇಲೆ ಹಾಕಿ ಕೈ ತೊಳೆದುಕೊಳ್ಳುವಂತಿಲ್ಲ. ತಡೆಯಾಜ್ಞೆ ಕೊಡುವಾಗಲೇ ಯಾವ ಭಾಗ, ಯಾವ ದಿನದ ಸ್ವಾಧೀನ ಎಂದು ಆದೇಶದಲ್ಲಿ ಬಿಡಿಸಿ ಬರೆದರೆ ಠಾಣೆಯ ಅರ್ಧ ನೆಪ ಅಲ್ಲೇ ಮುಗಿಯುತ್ತದೆ. ಠಾಣೆಗೆ ಬರುವ ಕೋರ್ಟ್ ಆದೇಶಗಳಿಗೆ ಒಂದು ಪ್ರತ್ಯೇಕ ವಹಿ ಇಟ್ಟು, ಯಾವ ದಿನ ಬಂತು, ಏನು ಕ್ರಮ ಆಯಿತು, ಆಗದಿದ್ದರೆ ಯಾಕೆ ಎಂದು ಬರೆದು ಕೊಟ್ಟರೆ ಅನುಮಾನಕ್ಕೆ ಜಾಗ ಇರುವುದಿಲ್ಲ. ಆದೇಶ ಅಸಲಿಯೋ, ಇನ್ನೂ ಚಾಲ್ತಿಯಲ್ಲಿದೆಯೋ ಎಂಬುದನ್ನು ಇ-ಕೋರ್ಟ್ಸ್ ತಾಣದಲ್ಲಿ ಕೇಸ್ ನಂಬರ್ ಹಾಕಿ ಠಾಣೆಯಲ್ಲೇ ನೋಡಬಹುದು. 'ನಮಗೆ ಗೊತ್ತಿಲ್ಲ' ಎನ್ನುವ ಕಾಲ ಹೋಗಿದೆ.

ಇನ್ನು ಠಾಣೆಯಲ್ಲಿ ನಡೆಯುವ 'ರಾಜಿ'. ಇಬ್ಬರೂ ಮನಸಾರೆ ಒಪ್ಪಿದರೆ ಅದಕ್ಕಿಂತ ಒಳ್ಳೆಯದಿಲ್ಲ, ಅದನ್ನು ಲೋಕ ಅದಾಲತ್‌ನಲ್ಲಿ ದಾಖಲಿಸಿಕೊಂಡರೆ ಡಿಕ್ರಿಯ ಬಲ ಬರುತ್ತದೆ. ಆದರೆ ಕೋರ್ಟಿನ ಆದೇಶ ಹಿಡಿದು ಬಂದವನನ್ನು ಸಂಜೆವರೆಗೆ ಬೆಂಚಿನ ಮೇಲೆ ಕೂಡಿಸಿ, 'ಅರ್ಧ ಬಿಟ್ಟುಬಿಡಪ್ಪ' ಎಂದು ಸಹಿ ಹಾಕಿಸಿಕೊಳ್ಳುವುದು ರಾಜಿಯಲ್ಲ. ಹಾಗೆ ಬಿಟ್ಟುಕೊಡುವವರು ಯಾವಾಗಲೂ ದುರ್ಬಲರೇ ಆಗಿರುತ್ತಾರೆ. ವಿಧವೆ, ಊರಿನಲ್ಲಿ ಒಂದೇ ಮನೆಯವರು, ಮಕ್ಕಳು ಪುಣೆ-ಹೈದರಾಬಾದ್‌ಗೆ ದುಡಿಯಲು ಹೋಗಿ ಒಂಟಿಯಾಗಿ ಉಳಿದ ಮುದುಕರು.

ಮುಂಗಾರಿಗೆ ಬಿತ್ತನೆ ಶುರುವಾದರೆ ಬದುವಿನ ಜಗಳಗಳೂ ಶುರುವಾಗುತ್ತವೆ. ಕೈಯಲ್ಲಿ ಆದೇಶ ಇರುವವರು ಬಿತ್ತನೆಯ ದಿನದವರೆಗೆ ಕಾಯದೆ, ಅದನ್ನು ಇವತ್ತೇ ತೆಗೆದು ವಕೀಲರ ಮುಂದಿಟ್ಟು ಒಂದೇ ಪ್ರಶ್ನೆ ಕೇಳಲಿ: 'ಇದರಲ್ಲಿ ಪೊಲೀಸರಿಗೆ ಏನಾದರೂ ಹೇಳಿದ್ದಾರಾ?' ಇಲ್ಲ ಎಂದರೆ, ಹೋಗಬೇಕಾದ ಮೊದಲ ಜಾಗ ಠಾಣೆ ಅಲ್ಲ.